ಕಾಮ್ರೇಡ್ ಹೇಳಿದ ಹೌದು

ಗಂಡನ ಹೆಸರು ಹಿಡಿದು ಕರೆದರೆ ಅವನ ಆಯುಸ್ಸು ಕಡಿಮೆಯಾಗುತ್ತದೆ ಅಂತ ನನ್ನ ಅಜ್ಜಿ ಹೇಳುತ್ತಿದ್ದರು. ಮೈಸೂರಿನಲ್ಲಿ ಕಾಲೇಜು ಓದಿದ ನಾನು ಆ ಮಾತಿಗೆ ನಕ್ಕವಳು, ಮದುವೆಯಾದ ಮಾರನೇ ದಿನದಿಂದಲೇ ಹೆಸರು ಹಿಡಿದು ಕರೆದವಳು. ಈಗ ಬರೆಯಲು ಕೂತಾಗ ಮಾತ್ರ ಅಜ್ಜಿ ಹೇಳಿದಂತೆ ಕೇಳುತ್ತಿದ್ದೇನೆ. ಇಲ್ಲಿ ಅವರು ಬರೀ ‘ಇವರು’. ಉಳಿದವರ ಹೆಸರನ್ನೂ ಬಿಟ್ಟಿದ್ದೇನೆ. ಆಯುಸ್ಸಿನ ಭಯ ಅಲ್ಲ, ಬೇರೆ ಭಯ. ಅದೇನು ಅಂತ ಮುಂದೆ ಹೇಳುತ್ತೇನೆ.

ಅಮೆರಿಕದ ಗೈದರ್ಸ್‌ಬರ್ಗಿನ ನಮ್ಮ ಕನ್ನಡ ಬಳಗದಲ್ಲಿ ಇವರನ್ನು ಹೆಸರಿನಿಂದ ಕರೆಯುತ್ತಿದ್ದುದು ನಾನೊಬ್ಬಳೇ. ಮಿಕ್ಕವರಿಗೆಲ್ಲ ಇವರು ಕಾಮ್ರೇಡ್. ದಾವಣಗೆರೆಯ ಹುಡುಗ ಪಿಯುಸಿ ಮುಗಿಸಿ ಸೋವಿಯತ್ ದೇಶಕ್ಕೆ ಹೋಗಿ ಲೋಹಶಾಸ್ತ್ರ ಓದಿ ಬಂದ ಅನ್ನುವುದೊಂದೇ ಅದಕ್ಕೆ ಕಾರಣ. ಹೆಸರಿಟ್ಟವರು ನಮ್ಮ ಬೀದಿಯ ಕೊನೆಯ ಮನೆಯ ಬೆಂಗಳೂರಿನ ಗೆಳೆಯರೊಬ್ಬರು. ಬಾಯಿ ಜೋರು, ಮನಸ್ಸು ಒಳ್ಳೆಯದು. ಎಲ್ಲರೂ ಒಂದೊಂದು ಅಡುಗೆ ತರುವ ಪಾಟ್‌ಲಕ್ ಊಟಕ್ಕೆ ಹೋದರೆ ಅವರದು ಒಂದೇ ವರಸೆ: “ಕಾಮ್ರೇಡ್‌ಗೆ ಇನ್ನೊಂದು ಹೋಳಿಗೆ ಹಾಕಿ. ಸರ್ವರಿಗೂ ಸಮಪಾಲು.”

ಇವರಲ್ಲಿ ಕ್ರಾಂತಿ ಸಾಸಿವೆಕಾಳಿನಷ್ಟೂ ಇಲ್ಲ. ಆ ದೇಶದಿಂದ ತಂದದ್ದು ಎರಡು ಅಭ್ಯಾಸ. ಎಲ್ಲಿ ಕ್ಯೂ ಕಂಡರೂ ಮೊದಲು ನಿಂತುಬಿಡುವುದು, ಯಾವುದಕ್ಕೆ ಅಂತ ಆಮೇಲೆ ಕೇಳುವುದು. ಮತ್ತೆ, ಪ್ಯಾಂಟಿನ ಜೇಬಿನಲ್ಲಿ ಯಾವಾಗಲೂ ಒಂದು ಬಟ್ಟೆಚೀಲ ಮಡಚಿಟ್ಟುಕೊಳ್ಳುವುದು. ಏನಾದರೂ ಸಿಕ್ಕೀತು ಅಂತ. ಮದುವೆಯಾದ ಹೊಸದರಲ್ಲಿ ನಾನು ಪ್ಯಾಂಟು ಒಗೆಯಲು ಹಾಕುವಾಗಲೆಲ್ಲ ಆ ಚೀಲ ತೆಗೆದಿಡುವುದೇ ಒಂದು ಕೆಲಸವಾಗಿತ್ತು.

2020ರಲ್ಲಿ ಕಾಯಿಲೆ ಇನ್ನೂ ಟಿವಿಯಲ್ಲಿ ಮಾತ್ರ ಇದ್ದಾಗ ಇವರು ಬೇಸ್‌ಮೆಂಟಿನಲ್ಲಿ ಅಕ್ಕಿ, ಬೇಳೆ, ಸಕ್ಕರೆ, ಸೂರ್ಯಕಾಂತಿ ಎಣ್ಣೆ ಎಲ್ಲ ತುಂಬಿಸತೊಡಗಿದರು. ನಾನು ಬಯ್ದೆ. ಬಳಗದವರು ವಾಟ್ಸಾಪಿನಲ್ಲಿ ಆಡಿಕೊಂಡು ನಕ್ಕರು. ಆಮೇಲೆ ಅಂಗಡಿಯ ಕಪಾಟುಗಳು ಖಾಲಿಯಾದಾಗ ಅದೇ ಬಳಗದವರು ಮಾಸ್ಕ್ ಹಾಕಿಕೊಂಡು ನಮ್ಮ ಗರಾಜಿನ ಮುಂದೆ ಬಂದು ನಿಂತರು. ಇವರು ಒಬ್ಬೊಬ್ಬರಿಗೂ ಅಳೆದು ಹಾಕಿಕೊಟ್ಟರು. ಬೆಂಗಳೂರಿನ ಗೆಳೆಯರು ದೂರದಿಂದಲೇ ಮುಷ್ಟಿ ಎತ್ತಿ ಸಲಾಂ ಹೊಡೆದರು. ಅವತ್ತು ನನಗೆ ನಗುವೂ ಬಂತು, ಹೆಮ್ಮೆಯೂ ಆಯಿತು.

“ಕಪಾಟು ಖಾಲಿಯಾಗೋದು ಮೊದಲನೇ ಪಾಠ,” ಅಂದಿದ್ದರು ಇವರು ಅವತ್ತು, ಅಕ್ಕಿಯ ಡಬ್ಬಿ ಮುಚ್ಚುತ್ತಾ. “ಎರಡನೇದು ಇನ್ನೂ ಬಂದಿಲ್ಲ.” ಎರಡನೆಯದು ಯಾವುದು ಅಂತ ನಾನು ಕೇಳಲಿಲ್ಲ.

ಇವರು ಅಲ್ಲಿದ್ದಾಗಲೇ ಆ ದೇಶ ಬಿದ್ದುಹೋಯಿತು. ಪದವಿ ಕೈಗೆ ಬರುವಷ್ಟರಲ್ಲಿ, ಕಾಗದದ ಮೇಲೆ ಅಚ್ಚಾಗಿದ್ದ ದೇಶವೇ ಇರಲಿಲ್ಲ. ಹಳೇ ಲಾಂಛನದ ಪಕ್ಕದಲ್ಲಿ ಹೊಸ ದೇಶದ ರಬ್ಬರ್ ಸೀಲು ಒತ್ತಿ ಕೊಟ್ಟಿದ್ದಾರೆ. ಅಮೆರಿಕದಲ್ಲಿ ಪ್ರತಿ ಹೊಸ ಕೆಲಸಕ್ಕೂ ಆ ಸೀಲಿನ ಕಥೆ ಹೇಳಿ ಹೇಳಿ ಇವರಿಗೆ ಬಾಯಿ ನೋವು ಬಂದಿದೆ. ಕುಸಿತದ ಬಗ್ಗೆ ಇವರು ಹೇಳುತ್ತಿದ್ದುದೆಲ್ಲ ಸಣ್ಣ ಸಣ್ಣ ಸಂಗತಿಗಳೇ. ಡೀನ್ ಕೋಣೆಯಲ್ಲಿ ದೊಡ್ಡ ಫೋಟೋ ಇಳಿಸಿದ ಮೇಲೆ ಗೋಡೆಯಲ್ಲಿ ಉಳಿದ ತಿಳಿ ಬಣ್ಣದ ಚೌಕ. ಕಮ್ಯುನಿಸಂ ಪಾಠ ಹೇಳುತ್ತಿದ್ದ ಮೇಷ್ಟ್ರು ರಜೆ ಮುಗಿಸಿ ಬಂದು, ಅದೇ ಹಳೇ ನೋಟ್ಸ್ ಹಿಡಿದು, ಕೋರ್ಸಿನ ಹೆಸರು ಮಾತ್ರ ಬದಲಾಗಿದೆ ಅಂದದ್ದು.

ಇನ್ನೊಂದು ಸಂಗತಿ ಹೇಳುವಾಗ ಮಾತ್ರ ಇವರ ದನಿ ಬದಲಾಗುತ್ತಿತ್ತು. ಪಾರ್ಟಿಯನ್ನು ನಿಷೇಧಿಸಿದ ಮೇಲೆ ಯಾರನ್ನು ಕೇಳಿದರೂ ‘ನಾನು ಮೆಂಬರ್ ಆಗಿರಲೇ ಇಲ್ಲ’ ಅನ್ನುತ್ತಿದ್ದರಂತೆ. ಡೀನ್, ಮೇಷ್ಟ್ರು, ಹಾಸ್ಟೆಲ್ ವಾರ್ಡನ್, ಎಲ್ಲರೂ. “ಇಷ್ಟು ಜನ ಮೆಂಬರೇ ಅಲ್ದಿದ್ರೆ ಎಪ್ಪತ್ತು ವರ್ಷ ಅದನ್ನ ನಡ್ಸಿದ್ದು ಯಾರು? ದೆವ್ವಗಳಾ?” ಅಂತ ಇವರು ಕೇಳುತ್ತಿದ್ದರು. ನಾವೆಲ್ಲ ನಗುತ್ತಿದ್ದೆವು. ಇವರು ನಗುತ್ತಿರಲಿಲ್ಲ.

ಜೊತೆಗೆ ಓದಿದ ಹುಡುಗಿಯೊಬ್ಬಳು ಬಾಲ್ಟಿಕ್ ಕಡಲ ಕಡೆಯವಳು. ಅವಳು ಹುಟ್ಟಿದ ಊರು ಹೊಸ ದೇಶವಾದಾಗ, ಅಪ್ಪ ಅಮ್ಮ ಬೇರೆ ಕಡೆಯಿಂದ ಬಂದು ನೆಲೆಸಿದವರು ಅಂತ ಅವಳಿಗೆ ಪೌರತ್ವ ಸಿಗಲಿಲ್ಲ. ‘ಪರಕೀಯ’ ಅಂತ ಬರೆದ ಬೂದು ಬಣ್ಣದ ಪಾಸ್‌ಪೋರ್ಟ್ ಕೊಟ್ಟರು. ಎಷ್ಟೋ ವರ್ಷ ಅವಳು ಇವರಿಗೆ ಹೊಸ ವರ್ಷದ ಶುಭಾಶಯ ಕಳಿಸುತ್ತಿದ್ದಳು, ತಾನು ಇನ್ನೂ ಬೂದು ಬಣ್ಣದಲ್ಲೇ ಇದ್ದೇನೆ ಅಂತ ಕೊನೆಗೊಂದು ಸಾಲು ಸೇರಿಸಿ. ನಮಗೆ ಗ್ರೀನ್ ಕಾರ್ಡ್ ಬಂದಾಗ ಇವರು ಅದನ್ನು ಬೆಳಕಿಗೆ ಹಿಡಿದು ನೋಡಿ, “ಇದೂ ಒಂದು ಬಣ್ಣ ಅಷ್ಟೆ,” ಅಂದಿದ್ದರು.

ಪೌರತ್ವಕ್ಕೆ ಅರ್ಜಿ ಹಾಕಬಹುದಾದ ಕಾಲ ಬಂದು ಹೋದರೂ ಇವರು ಮುಂದೂಡುತ್ತಲೇ ಇದ್ದರು. ಆ ಬಿದ್ದ ದೇಶದ ಒಂದು ಚೂರು ಇನ್ನೊಂದು ಚೂರಿನ ಮೇಲೆ ಬಾಂಬು ಹಾಕತೊಡಗಿ, ಇವರು ಓದಿದ ಊರು ಟಿವಿಯಲ್ಲಿ ಬಂದ ದಿನದಿಂದ ಅರ್ಜಿಯ ಮಾತೆತ್ತಿದರೆ ಸಿಡುಕುತ್ತಿದ್ದರು. ನಾನು ಸೋಮಾರಿತನ ಅಂದುಕೊಂಡೆ.

ಎರಡನೇ ಪಾಠ ಬಂದದ್ದು 2025ರಲ್ಲಿ, ಇಲ್ಲಿ ಸರ್ಕಾರ ಬದಲಾದ ಮೇಲೆ. ನಮ್ಮ ಸುತ್ತಮುತ್ತಲಿನ ಸರ್ಕಾರಿ ಲ್ಯಾಬುಗಳಲ್ಲಿ ಕೆಲಸ ಹೋದವರು ರಟ್ಟಿನ ಪೆಟ್ಟಿಗೆ ಹಿಡಿದು ಕಾರಿನ ಕಡೆ ನಡೆಯುವುದು ದಿನದ ನೋಟವಾಯಿತು. ಗ್ರೀನ್ ಕಾರ್ಡ್ ಇದ್ದವರನ್ನೂ ಏರ್‌ಪೋರ್ಟಿನಲ್ಲಿ ಕೂರಿಸಿಕೊಂಡು ಫೋನ್ ತೆಗೆಸಿ ನೋಡಿದರು ಅನ್ನುವ ಸುದ್ದಿ ಬಳಗಕ್ಕೆ ಬಂತು. ನಿಜವೋ ಸುಳ್ಳೋ, ನಮ್ಮ ವಾಟ್ಸಾಪ್ ಗುಂಪಿನಲ್ಲಿ ಒಂದರ ಕೆಳಗೊಂದು ಮೆಸೇಜುಗಳು ಮಾಯವಾಗತೊಡಗಿದವು. ‘ಈ ಸಂದೇಶ ಅಳಿಸಲಾಗಿದೆ’ ಅನ್ನುವ ಸಾಲು ಪರದೆ ತುಂಬ ಕಾಣುತ್ತಿತ್ತು. ಹೋದವರ ಫೋಟೋ ಇಳಿಸಿದ ಗೋಡೆಯ ಹಾಗೆ ಇತ್ತು ಅದು.

ಒಂದು ಸಂಜೆ ಬೆಂಗಳೂರಿನ ಗೆಳೆಯರು ಬಂದರು. ಒಳಗೆ ಬರಲಿಲ್ಲ, ಡ್ರೈವ್‌ವೇಯಲ್ಲೇ ನಿಂತರು. ಕೆಲವು ವರ್ಷಗಳ ಹಿಂದೆ ಇವರ ಐವತ್ತನೇ ಹುಟ್ಟುಹಬ್ಬಕ್ಕೆ ಅವರೇ ಕೆಂಪು ಕೇಕ್ ಮಾಡಿಸಿ, ಮೇಲೆ ಕ್ರೀಮಿನಲ್ಲಿ ಕುಡುಗೋಲು ಸುತ್ತಿಗೆ ಬರೆಸಿ, ಇವರ ತಲೆಗೆ ನಕ್ಷತ್ರದ ಟೋಪಿ ತೊಡಿಸಿ ವಾಟ್ಸಾಪ್ ಗುಂಪಿಗೆ ಫೋಟೋ ಹಾಕಿದ್ದರು. ಅದರಲ್ಲಿ ನಾವೆಲ್ಲ ಹಲ್ಲು ಕಿರಿದು ನಿಂತಿದ್ದೇವೆ.

“ಆ ಫೋಟೋ ನಾನು ಡಿಲೀಟ್ ಮಾಡಿದೀನಿ. ನಿಮ್ ಹತ್ರ ಇದ್ರೆ ನೀವೂ ಮಾಡ್ಬಿಡಿ ಸಾರ್,” ಅಂದರು.

ಸಾರ್. ಅಷ್ಟು ವರ್ಷದಲ್ಲಿ ಅವರು ಇವರನ್ನು ಸಾರ್ ಅಂದದ್ದು ಅದೇ ಮೊದಲು. ಅವರು ಹೋದ ಮೇಲೆ ಇವರು ಮೆಟ್ಟಿಲ ಮೇಲೆ ಕೂತು, “ಅಲ್ಲಿ ಭಯ ಹೋದಾಗ ಮೊದ್ಲು ಬಂದಿದ್ದು ಜೋಕು. ಭಯ ಬಂದಾಗ ಮೊದ್ಲು ಹೋಗೋದೂ ಅದೇ ನೋಡು,” ಅಂದರು. ನಾನು ಅವತ್ತೇ ರಾಲಿ ಅನ್ನುವ ಊರಿನಲ್ಲಿರುವ ಮಗಳಿಗೆ ಫೋನ್ ಮಾಡಿ, ಬಂದು ಇಬ್ಬರದೂ ಪೌರತ್ವದ ಅರ್ಜಿ ಹಾಕಿಕೊಡು ಅಂದೆ.

ಮಗಳು ಇಲ್ಲೇ ಹುಟ್ಟಿದವಳು. ಅವಳ ಕನ್ನಡದಲ್ಲಿ ಪ್ರೀತಿ ಜಾಸ್ತಿ, ವ್ಯಾಕರಣ ಕಡಿಮೆ. ಅಡುಗೆಮನೆಯ ಮೇಜಿನ ಮೇಲೆ ಲ್ಯಾಪ್‌ಟಾಪ್ ಇಟ್ಟುಕೊಂಡು ಟಕಟಕ ಎಂದು ತುಂಬಿಸಿದಳು. ಕಳ್ಳಸಾಗಣೆ ಮಾಡಿದ್ದೀರಾ, ಕೊಲೆ ಮಾಡಿದ್ದೀರಾ ಅನ್ನುವ ಸಾಲಿನಲ್ಲೇ, ಎಂದಾದರೂ ಕಮ್ಯುನಿಸ್ಟ್ ಪಾರ್ಟಿಯ ಸದಸ್ಯರಾಗಿದ್ದಿರಾ ಅನ್ನುವುದೂ ಇದೆ. ಆ ದೊಡ್ಡ ದೇಶ ಮಣ್ಣಾಗಿ ಮೂವತ್ತು ವರ್ಷದ ಮೇಲಾಯಿತು. ಅದಕ್ಕೆ ಹೆದರಿ ಮಾಡಿದ ಕಾನೂನು ಮಾತ್ರ ಇಲ್ಲಿ ಕಲ್ಲುಗುಂಡಿನ ಹಾಗಿದೆ. ಅವಳು ಎಲ್ಲದಕ್ಕೂ ‘ನೋ’ ಒತ್ತುತ್ತಾ ಹೋದಳು. ಇವರು ಪಕ್ಕದಲ್ಲಿ ಕೂತು ಕಿಟಕಿಯ ಆಚೆ ನೋಡುತ್ತಿದ್ದರು.

ಆಮೇಲೆ ಭಾನುವಾರ ಮಧ್ಯಾಹ್ನಗಳಲ್ಲಿ ವಿಡಿಯೋ ಕಾಲ್‌ನಲ್ಲಿ ಅಭ್ಯಾಸ ಶುರುವಾಯಿತು. ಮಗಳು ಆಫೀಸರ್, ನಾವು ಅರ್ಜಿದಾರರು. ಮೊದಲ ದಿನವೇ ಇಬ್ಬರೂ ಜಾರಿ ಬಿದ್ದೆವು.

“ಸೋ, ಯು ಹ್ಯಾವ್ ನೆವರ್ ಬೀನ್ ಅರೆಸ್ಟೆಡ್?” ಅಂದಳು.

“ಯೆಸ್,” ಅಂದೆ ನಾನು, ಧೈರ್ಯವಾಗಿ.

“ಅಮ್ಮ, ನೋ ಅನ್ಬೇಕು. ಯೆಸ್ ಅಂದ್ರೆ ನಿನ್ನ ಅರೆಸ್ಟ್ ಮಾಡಿದ್ರು ಅಂತ ಅವ್ರು ತಿಳ್ಕೋಬಹುದು.”

ನಮ್ಮ ಭಾಷೆಯಲ್ಲಿ ‘ಊಟ ಆಗಿಲ್ಲ ಅಲ್ವಾ?’ ಅಂದರೆ ‘ಹೌದು’ ಅನ್ನುತ್ತೇವೆ. ಹೌದು, ಆಗಿಲ್ಲ. ನೀವು ಹೇಳಿದ್ದು ಸರಿ ಅಂತ ಕೇಳಿದವರ ಮಾತನ್ನು ಒಪ್ಪಿಕೊಳ್ಳುವುದು ನಮ್ಮ ಹೌದು. ಇಂಗ್ಲಿಷಿನವರ ಹೌದಿಗೆ ಆ ಮರ್ಯಾದೆ ಇಲ್ಲ. ನಡೆದಿದ್ದರೆ ಹೌದು, ನಡೆಯದಿದ್ದರೆ ಇಲ್ಲ, ಅಷ್ಟೆ. ಇಷ್ಟು ವರ್ಷ ಇಲ್ಲಿದ್ದೂ ನಾಲಿಗೆ ಇನ್ನೂ ಮೈಸೂರಿನಲ್ಲೇ ಇದೆ. ಇವರೂ ಅಷ್ಟೆ. “ಯು ಹ್ಯಾವ್ ನೆವರ್ ಬೀನ್ ಎ ಮೆಂಬರ್?” ಅಂದರೆ ‘ಯೆಸ್’ ಅನ್ನುವರು. ಮಗಳು ನಗುತ್ತಾ, “ನೋ, ಅಪ್ಪ. ಸೇ ನೋ,” ಅಂತ ತಿದ್ದುವಳು. ವಾರ ವಾರವೂ ಇದೇ ಆಟ. ನಾನು ಬೇಗ ಕಲಿತೆ, ಇವರು ಕಲಿಯಲಿಲ್ಲ.

ಒಂದು ಭಾನುವಾರ ನಾನು ಚಪಾತಿ ಹಿಟ್ಟು ನಾದುತ್ತಿದ್ದೆ. ಮಗಳಿಗೆ ಅವಸರವಿತ್ತು, ಪ್ರಶ್ನೆಯನ್ನು ನೇರವಾಗಿ ಕೇಳಿದಳು. “ಹ್ಯಾವ್ ಯು ಎವರ್ ಬೀನ್ ಎ ಮೆಂಬರ್ ಆಫ್ ದ ಕಮ್ಯುನಿಸ್ಟ್ ಪಾರ್ಟಿ?”

ಇವರು “ಯೆಸ್,” ಅಂದರು.

“ನೋ, ಅಪ್ಪ. ಯು ಮೀನ್ ನೋ,” ಅಂದಳು ಅವಳು, ಎಂದಿನ ಹಾಗೆ, ಮುಂದಿನ ಪ್ರಶ್ನೆಗೆ ಹೋಗುತ್ತಾ.

ಆದರೆ ಈ ಸಲ ಪ್ರಶ್ನೆಯಲ್ಲಿ ‘ಇಲ್ಲ’ ಇರಲಿಲ್ಲ. ಈ ಪ್ರಶ್ನೆಗೆ ನಮ್ಮ ಹೌದೂ ಅವರ ಹೌದೂ ಒಂದೇ. ಮಗಳಿಗೆ ಹೊಳೆಯಲಿಲ್ಲ. ನನಗೆ ಹೊಳೆಯಿತು. ಕೈ ಹಿಟ್ಟಿನಲ್ಲೇ ನಿಂತಿತು. ಇವರು ತಲೆ ಎತ್ತಿ ನನ್ನನ್ನು ನೋಡಿದರು, ನನಗೆ ಗೊತ್ತಾಯಿತು ಅಂತ ಅವರಿಗೂ ಗೊತ್ತಾಯಿತು.

ಕಾಲ್ ಮುಗಿದ ಮೇಲೆ ಹಿತ್ತಿಲ ಡೆಕ್‌ಗೆ ಕರೆದುಕೊಂಡು ಹೋಗಿ ಕೇಳಿದೆ. ಇವರು ಮುಚ್ಚಿಡಲಿಲ್ಲ. ಸೋದರಮಾವ ಮಿಲ್ಲಿನ ಯೂನಿಯನ್ನಿನಲ್ಲಿದ್ದವರು. ಆ ದೇಶದ ಸೀಟು ಸಿಗಬೇಕಾದರೆ ಪಾರ್ಟಿಯವರ ಶಿಫಾರಸು ಬೇಕಿತ್ತು. ಶಿಫಾರಸು ಬೇಕಾದರೆ ಹುಡುಗ ನಮ್ಮವನಾಗಿರಬೇಕು ಅಂದರು. ಮಾವ ಸದಸ್ಯನನ್ನಾಗಿ ಮಾಡಿಸಿ ಕೆಂಪು ಕಾರ್ಡು ಕೈಗಿಟ್ಟರು. “ನಾನೂ ಖುಷಿಯಿಂದ್ಲೇ ಇಸ್ಕೊಂಡೆ. ಸುಳ್ಳು ಯಾಕೆ ಹೇಳ್ಲಿ?” ಅಂದರು. ಅಲ್ಲಿ ಪಾರ್ಟಿ ಬಿದ್ದಾಗ ಜನ ಕಾರ್ಡು ಹಿಂದಿರುಗಿಸಲು ಕ್ಯೂ ನಿಂತಿದ್ದರಂತೆ. ಕ್ಯೂ ಕಂಡ ಇವರು ತಾವೂ ನಿಂತರು. ಕಿಟಕಿಯ ಹೆಂಗಸು ಕಾರ್ಡನ್ನು ತಿರುಗಿಸಿ ಮುರುಗಿಸಿ ನೋಡಿ, ಇದು ನಮ್ಮದಲ್ಲ, ನಿಮ್ಮ ದೇಶದ್ದು, ಅಲ್ಲಿ ಹೋಗಿ ಕೊಡು ಅಂತ ವಾಪಸ್ ಕೊಟ್ಟಳು. ಇವರು ಎಲ್ಲಿಯೂ ಕೊಡಲಿಲ್ಲ. ಆಮೇಲೆ ಯಾವ ಸಭೆಗೂ ಹೋಗಲಿಲ್ಲ. ಕಾರ್ಡು ಎಲ್ಲಿ ಕಳೆಯಿತೋ ಗೊತ್ತಿಲ್ಲ.

“ಗ್ರೀನ್ ಕಾರ್ಡಿಗೆ ಹಾಕ್ದಾಗ ಏನಂದ್ರಿ?” ಅಂದೆ.

“ನೋ ಅಂದೆ. ಎಲ್ರೂ ಅಂದಂಗೆ.”

ನನಗೆ ಎಲ್ಲಿಲ್ಲದ ಸಿಟ್ಟು ಬಂತು. ಮೆಂಬರ್ ಆದದ್ದಕ್ಕಲ್ಲ. ಇಷ್ಟು ವರ್ಷ ಪಕ್ಕದಲ್ಲಿ ಮಲಗಿದವಳಿಗೆ ಇದೊಂದು ಮಾತು ಹೇಳಬಾರದಿತ್ತೇ ಅಂತ. ಸಿಟ್ಟು ಇಳಿದ ಮೇಲೆ ಉಳಿದದ್ದು ಭಯ. ನಮ್ಮ ಪರಿಚಯದವರೊಬ್ಬರಿಗೆ ಹೀಗಾಗಿದೆ ಅಂತ ಒಬ್ಬ ಲಾಯರನ್ನು ಕೇಳಿದೆ. ಪರಿಚಯದವರು ಯಾರು ಅಂತ ಅವರು ಕೇಳಲಿಲ್ಲ. ಅಷ್ಟು ಹಳೆಯ ಸದಸ್ಯತ್ವವೇ ಮುಳುವಾಗಲಿಕ್ಕಿಲ್ಲ, ಹಿಂದೆ ಇಲ್ಲ ಅಂದದ್ದೇ ಮುಳುವು ಅಂದರು. ಈಗ ಹೌದು ಅಂದರೆ ಹಳೆಯ ಸುಳ್ಳು ಹೊರಬಿದ್ದು ಗ್ರೀನ್ ಕಾರ್ಡಿಗೇ ಕುತ್ತು ಬರಬಹುದು, ಆದರೂ ವಕೀಲರನ್ನು ಜೊತೆಗಿಟ್ಟುಕೊಂಡು ನಿಜ ಹೇಳುವುದೇ ದಾರಿ. ಈಗಲೂ ಇಲ್ಲ ಅಂದರೆ ಪೌರತ್ವ ಸಿಕ್ಕೀತು, ಆದರೆ ಸುಳ್ಳಿನಿಂದ ಪಡೆದದ್ದನ್ನು ಎಷ್ಟು ವರ್ಷದ ಮೇಲಾದರೂ ಕಿತ್ತುಕೊಳ್ಳಬಹುದು. ಅತ್ತ ದರಿ, ಇತ್ತ ಪುಲಿ. ಯಾವ ಕಡೆ ಬಿದ್ದರೂ ಕೊನೆಗೆ ಇವರನ್ನು ವಿಮಾನ ಹತ್ತಿಸಿ ಕಳಿಸಬಹುದು. ಮಗಳು ಇಲ್ಲಿ, ಬದುಕೆಲ್ಲ ಇಲ್ಲಿ.

ಲಾಯರ್ ಹೇಳಿದ ದಾರಿ ನನಗೆ ಬೇಕಾಗಿರಲಿಲ್ಲ. “ನೋ ಅಂದುಬಿಡಿ,” ಅಂದೆ. “ಅರ್ಜೀಲಿ ಹೇಗೂ ಮಗಳು ನೋ ಅಂತಾನೇ ಒತ್ತಿದಾಳೆ. ಕಾರ್ಡಿಲ್ಲ, ಮಾವ ಇಲ್ಲ, ಮಿಲ್ಲೇ ಮುಚ್ಚಿಹೋಗಿದೆ. ಯಾರು ಬಂದು ಸಾಕ್ಷಿ ಹೇಳ್ತಾರೆ?”

“ಅಲ್ಲೂ ಎಲ್ರೂ ಹಾಗೇ ಅಂದ್ಕೊಂಡಿದ್ರು. ಆಮೇಲೆ ಪಕ್ಕದ ದೇಶಗಳಲ್ಲಿ ಗುಪ್ತ ಪೊಲೀಸರ ಫೈಲಿನ ಕಪಾಟುಗಳನ್ನ ತೆಗೆದ್ರು,” ಅಂದರು ಇವರು. “ಒಂದ್ಸಲ ಅಂದಿದೀನಿ. ಇನ್ನೊಂದ್ಸಲ ನನ್ ಬಾಯಲ್ಲಿ ಬರಲ್ಲ ಕಣೆ. ಆ ಮೇಷ್ಟ್ರ ಮುಖ ಕಣ್ಮುಂದೆ ಬರುತ್ತೆ,” ಅಂದರು. ಹಾಗಾದರೆ ಅರ್ಜಿ ವಾಪಸ್ ತೆಗೆದುಕೊಳ್ಳಿ ಅಂದೆ. ಯಾಕೆ ವಾಪಸ್ ಅಂತ ಅವರು ಹುಡುಕುವುದಿಲ್ಲವೇ ಅಂದರು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ ಆಗುತ್ತದೆ ಅಂತ ನನಗೂ ಅನ್ನಿಸಿತು. ಮಗಳಿಗೆ ಹೇಳುವುದು ಬೇಡ ಅಂತ ಮಾತ್ರ ಇಬ್ಬರೂ ಒಪ್ಪಿದೆವು.

ನನ್ನ ಸಂದರ್ಶನ ಮೊದಲು ಮುಗಿಯಿತು. ನೇರ ಪ್ರಶ್ನೆ, ನೇರ ನೋ, ಪಾಸು. ಇವರದಕ್ಕೆ ಬಾಲ್ಟಿಮೋರಿಗೆ ಹೋಗುವ ದಾರಿಯಲ್ಲಿ ನಾನೇ ಡ್ರೈವ್ ಮಾಡಿದೆ. ಏನು ಹೇಳುತ್ತೀರಿ ಅಂತ ಕೇಳಲು ಬಾಯಿ ತೆರೆದು, ಹೈವೇಯ ಬೋರ್ಡುಗಳನ್ನು ಓದತೊಡಗಿದೆ. ಇವರು ಜೇಬಿನ ಚೀಲವನ್ನು ಬಿಚ್ಚುವುದು, ಮತ್ತೆ ಮಡಚುವುದು ಮಾಡುತ್ತಿದ್ದರು. ಕಾಯುವ ಕೋಣೆಯಲ್ಲಿ ಎಲ್ಲ ದೇಶದವರೂ ತೊಡೆಯ ಮೇಲೆ ಫೈಲು ಇಟ್ಟುಕೊಂಡು ಕೂತಿದ್ದರು, ಒಬ್ಬರೂ ಜೋರಾಗಿ ಮಾತಾಡುತ್ತಿರಲಿಲ್ಲ. ಇವರ ಹೆಸರು ಕರೆದಾಗ ನಾನೇ ಬೆಚ್ಚಿದೆ. ಬಾಗಿಲು ಮುಚ್ಚಿದ ಮೇಲೆ ಅದರ ಹಿಡಿಯನ್ನೇ ನೋಡುತ್ತಾ ಕೂತೆ. ದೇವರ ಹೆಸರೊಂದೂ ನೆನಪಿಗೆ ಬರಲಿಲ್ಲ.

ಇವರು ಹೊರಗೆ ಬಂದಾಗ ಮುಖದಲ್ಲಿ ಏನೂ ಇರಲಿಲ್ಲ. ಕಾರಿನೊಳಗೆ ಕೂತು ಬಾಗಿಲು ಹಾಕಿಕೊಂಡ ಮೇಲೆ ಮಾತಾಡಿದರು.

“ಪಾಸು.”

“ಏನಂದ್ರಿ?”

“ಕೈ ಎತ್ತಿಸಿ ಪ್ರಮಾಣ ಮಾಡ್ಸಿದ್ರು. ಎಲ್ಲಾ ಕೇಳ್ತಾ ಕೇಳ್ತಾ ಬಂದ್ರು. ಅದಕ್ಕೆ ಬಂದಾಗ ಆಫೀಸರ್ ಕಂಪ್ಯೂಟರ್ ನೋಡ್ಕೊಂಡೇ, ಅಂಡ್ ಯು ಹ್ಯಾವ್ ನೆವರ್ ಬೀನ್ ಎ ಮೆಂಬರ್ ಅಂದ. ನಾನು ಯೆಸ್ ಅಂದೆ.”

“ಆಮೇಲೆ?”

“ತಲೆ ಎತ್ತಿ ಒಂದ್ಸಲ ನೋಡ್ದ. ನಮ್ಮ ಕಡೆಯವರ ಯೆಸ್ ಎಷ್ಟು ಕೇಳಿದಾನೋ ಏನೋ. ಟಿಕ್ ಮಾಡಿ ಮುಂದಕ್ಕೆ ಹೋದ.” ಇವರು ಮುಂದಿನ ಗಾಜಿನ ಕಡೆ ನೋಡುತ್ತಿದ್ದರು. “ನಾನು ಸುಳ್ಳು ಹೇಳ್ಲಿಲ್ಲ.”

“ಯಾವ ಭಾಷೇಲಿ?” ಅಂದೆ ನಾನು.

ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಅನ್ನುವ ಹಾಗೆ ಆಯಿತು ಅಂದುಕೊಂಡು ಸಮಾಧಾನ ಮಾಡಿಕೊಳ್ಳಲು ನೋಡಿದೆ. ಮನೆ ಸೇರುವಷ್ಟರಲ್ಲಿ ನನಗೆ ತಿಳಿದುಹೋಗಿತ್ತು, ಹಾವು ಸತ್ತಿಲ್ಲ ಅಂದರೆ ಅದು ಎಲ್ಲೋ ಇದೆ ಅಂತಲೇ ಅರ್ಥ.

ಪ್ರಮಾಣವಚನದ ದಿನ ಮಗಳು ರಾಲಿಯಿಂದ ಬಂದಳು. ಇಬ್ಬರಿಗೂ ಕೊಟ್ಟ ಪುಟ್ಟ ಬಾವುಟಗಳನ್ನು ಕೊತ್ತಂಬರಿ ಕುಂಡದಲ್ಲಿ ನೆಟ್ಟು ಹೋದಳು. ಬೆಂಗಳೂರಿನ ಗೆಳೆಯರು ಸ್ವೀಟ್ ಡಬ್ಬಿ ಹಿಡಿದು ಬಂದು, “ಕಂಗ್ರಾಟ್ಸ್, ಕಾ…” ಅಂತ ಶುರುಮಾಡಿ, ಹಿಂದೆ ತಿರುಗಿ ಬೀದಿಯ ಕಡೆ ನೋಡಿ, “ಸಾರ್,” ಅಂತ ಮುಗಿಸಿದರು. ನಾವು ನಗಲಿಲ್ಲ. ಆ ವಾರವೇ ರೇಡಿಯೋದಲ್ಲಿ, ಪೌರತ್ವ ಪಡೆದವರ ಹಳೆಯ ಫೈಲುಗಳನ್ನು ಮತ್ತೆ ತೆಗೆದು ನೋಡುವ ವಿಚಾರ ಚರ್ಚೆಯಾಗುತ್ತಿತ್ತು. ಇವರು ಎದ್ದು ಹೋಗಿ ರೇಡಿಯೋ ಆರಿಸಲಿಲ್ಲ, ದನಿ ಸ್ವಲ್ಪ ಹೆಚ್ಚಿಸಿ ಪೂರ್ತಿ ಕೇಳಿದರು.

ಈಗ ಮಧ್ಯಾಹ್ನ ಅಂಚೆ ವ್ಯಾನ್ ಬಂದು ಹೋದ ಮೇಲೆ ಇವರು ಚಪ್ಪಲಿ ಮೆಟ್ಟಿಕೊಂಡು ಡಬ್ಬಿ ನೋಡಲು ಹೋಗುತ್ತಾರೆ. ನಾನು ಅಡುಗೆಮನೆಯಿಂದಲೇ ಕೇಳುತ್ತೇನೆ, “ಏನೂ ಬಂದಿಲ್ಲ ಅಲ್ವಾ?”

“ಹೌದು,” ಅನ್ನುತ್ತಾರೆ.

ಹುಟ್ಟಿದಾಗಿನಿಂದ ಕೇಳಿದ ಮಾತು ಅದು. ಆದರೂ ನಾನು ಒಲೆ ಆರಿಸಿ, ಬಾಗಿಲವರೆಗೂ ಹೋಗಿ, ಇವರ ಕೈಯಲ್ಲಿ ಏನಾದರೂ ಇದೆಯಾ ಅಂತ ನೋಡುತ್ತೇನೆ.